ಪೀಠದ ತಪ್ಪಿಗೆ ಮಕ್ಕಳ ಹೆಸರೇಕೆ?

2025ರ ಏಪ್ರಿಲ್ 21ರಂದು ಪೋಪ್ ಫ್ರಾನ್ಸಿಸ್ ನಿಧನರಾದರು. ಮೇ 8ರಂದು ವ್ಯಾಟಿಕನ್‌ನ ಸಿಸ್ಟೀನ್ ಪ್ರಾರ್ಥನಾಲಯದ ಚಿಮಣಿಯಿಂದ ಬಿಳಿ ಹೊಗೆ ಎದ್ದಿತು. ಶಿಕಾಗೋದಲ್ಲಿ ಹುಟ್ಟಿ ಪೆರು ದೇಶದಲ್ಲಿ ಹಲವು ವರ್ಷ ಸೇವೆ ಸಲ್ಲಿಸಿದ ರಾಬರ್ಟ್ ಪ್ರಿವೋಸ್ಟ್ ಅವರು ಹದಿನಾಲ್ಕನೆಯ ಲಿಯೋ ಎಂಬ ಹೆಸರು ಧರಿಸಿ, ರೋಮಿನ ಅಧಿಕೃತ ಪಟ್ಟಿಯ ಪ್ರಕಾರ 267ನೆಯ ಪೋಪ್ ಆದರು. ಆ ಹದಿನೇಳು ದಿನಗಳಲ್ಲಿ ಜಗತ್ತಿನ ಮಾಧ್ಯಮಗಳು ಆ ಪೀಠದ ಬಗ್ಗೆ ಬರೆದದ್ದಕ್ಕೂ ತೋರಿಸಿದ್ದಕ್ಕೂ ಲೆಕ್ಕವಿಲ್ಲ. ಮೃತರ ಸರಳತೆ, ಶವಪೆಟ್ಟಿಗೆಯ ಮರ, ಮತದಾನದ ಗೋಪ್ಯತೆ, ಹೊಗೆಯ ಬಣ್ಣ ಎಲ್ಲವೂ ನಮ್ಮ ಮನೆಗಳ ಟಿವಿ ಪರದೆಗೆ ಬಂದವು. ಬಾರದೆ ಉಳಿದದ್ದು ಒಂದು ಪ್ರಶ್ನೆ ಮಾತ್ರ. ಇಷ್ಟು ದೀರ್ಘ ಇತಿಹಾಸವುಳ್ಳ ಈ ಪೀಠ ತಪ್ಪು ಮಾಡಿದಾಗ ಆ ತಪ್ಪಿನ ಭಾರವನ್ನು ಹೊತ್ತವರು ಯಾರು?

ಪೋಪರ ಚರಿತ್ರೆಯನ್ನು ಹೇಳುವವರಲ್ಲಿ ಸಾಮಾನ್ಯವಾಗಿ ಎರಡು ಬಗೆಯವರಿದ್ದಾರೆ. ಒಬ್ಬರ ಕೈಯಲ್ಲಿ ಸ್ತುತಿಪಾಠ, ಇನ್ನೊಬ್ಬರ ಕೈಯಲ್ಲಿ ಆರೋಪಪಟ್ಟಿ. ಮೊದಲನೆಯವರಿಗೆ ಪ್ರತಿಯೊಬ್ಬ ಪೋಪರೂ ಸಾಯುತ್ತಲೇ ಮಹಾತ್ಮರಾಗುತ್ತಾರೆ. ಎರಡನೆಯವರಿಗೆ ಶಿಲುಬೆ ಯುದ್ಧದ ಅರ್ಬನ್ ಮತ್ತು ಭ್ರಷ್ಟ ಬೋರ್ಜಿಯಾ ಕುಟುಂಬದ ಆರನೆಯ ಅಲೆಗ್ಸಾಂಡರ್ ಹೊರತು ಬೇರೆ ಪೋಪರೇ ಇಲ್ಲ. ಇಬ್ಬರೂ ಸುಲಭದ ದಾರಿ ಹಿಡಿದಿದ್ದಾರೆ. ಇಷ್ಟು ದೊಡ್ಡ ಸಂಸ್ಥೆಯಲ್ಲಿ ಒಳ್ಳೆಯವರೂ ಕೆಟ್ಟವರೂ ಇದ್ದೇ ಇರುತ್ತಾರೆ. ಅದರಲ್ಲಿ ಆಶ್ಚರ್ಯವೇನೂ ಇಲ್ಲ. ಸಂಸ್ಥೆಯ ನಿಜವಾದ ಪರೀಕ್ಷೆ ಬೇರೆಯೇ ಇದೆ. ಸತ್ಯವು ತನ್ನ ವಿರುದ್ಧವೇ ಬಂದು ನಿಂತಾಗ ಅದು ಏನು ಮಾಡಿತು? ‘ನಾನು ತಪ್ಪಿದೆ’ ಎಂದಿತೋ, ಇಲ್ಲ ‘ನನ್ನ ಮಕ್ಕಳು ತಪ್ಪಿದರು’ ಎಂದಿತೋ? ಈ ಅಳತೆಗೋಲಿನಿಂದ ನೋಡಿದರೆ ಪೋಪ್ ಪೀಠದ ಚರಿತ್ರೆ ಸ್ತುತಿಪಾಠಕರು ಹೇಳುವಂತೆಯೂ ಇಲ್ಲ, ಆರೋಪಪಟ್ಟಿಯವರು ಹೇಳುವಂತೆಯೂ ಇಲ್ಲ.

ಒಂದೇ ಮನೆಯ ಇಬ್ಬರು

1076ನೆಯ ಇಸವಿ. ಇಂದಿನ ಅಲ್ಜೀರಿಯದ ಬಿಜಾಯ ಪ್ರದೇಶವನ್ನು ಆಳುತ್ತಿದ್ದ ಹಮ್ಮಾದಿ ವಂಶದ ಅರಸ ಅನ್ನಾಸಿರ್, ತನ್ನ ನಾಡಿನ ಕ್ರೈಸ್ತರಿಗೆ ಒಬ್ಬ ಬಿಷಪರನ್ನು ನೇಮಿಸಿಕೊಡುವಂತೆ ರೋಮಿಗೆ ವಿನಂತಿಸಿದನು. ಕ್ರೈಸ್ತ ಸೆರೆಯಾಳುಗಳನ್ನು ಬಿಡುಗಡೆ ಮಾಡಿದನು. ಅದಕ್ಕೆ ಉತ್ತರವಾಗಿ ಪೋಪ್ ಏಳನೆಯ ಗ್ರೆಗರಿ ಬರೆದ ಪತ್ರ ಇಂದಿಗೂ ಉಳಿದಿದೆ. ದಾರಿ ಬೇರೆಯಾದರೂ ನೀವೂ ನಾವೂ ಒಬ್ಬನೇ ದೇವನನ್ನು ನಂಬುತ್ತೇವೆ, ಅವನನ್ನೇ ದಿನವೂ ಸ್ತುತಿಸುತ್ತೇವೆ ಎಂಬುದು ಆ ಪತ್ರದ ತಿರುಳು. ಗ್ರೆಗರಿಯವರು ನಿಷ್ಕಳಂಕ ಶಾಂತಿದೂತರಾಗಿರಲಿಲ್ಲ. ಇದಕ್ಕೆ ಎರಡು ವರ್ಷ ಮೊದಲು ಪೂರ್ವಕ್ಕೆ ಸೇನೆ ಒಯ್ಯುವ ಯೋಜನೆಯನ್ನು ಅವರೇ ಹಾಕಿದ್ದರು. ಮರುವರ್ಷ ಜರ್ಮನಿಯ ದೊರೆ ನಾಲ್ಕನೆಯ ಹೆನ್ರಿಯನ್ನು ಕನೋಸಾ ಕೋಟೆಯ ಬಾಗಿಲಲ್ಲಿ ಹಿಮದಲ್ಲಿ ಕಾಯುವಂತೆ ಮಾಡಿದವರೂ ಅವರೇ. ಆದರೆ ಆ ಪತ್ರ ಬರೆಯಲು ಆ ಕಾಲದಲ್ಲೂ ಸಾಧ್ಯವಿತ್ತು ಎಂಬುದನ್ನು ಮರೆಯಬಾರದು.

ಗ್ರೆಗರಿಯವರೇ ಕಾರ್ಡಿನಲ್ ಪದವಿಗೇರಿಸಿದ ವ್ಯಕ್ತಿ ಮುಂದೆ ಎರಡನೆಯ ಅರ್ಬನ್ ಆದರು. 1095ರ ನವೆಂಬರ್ 27ರಂದು ಫ್ರಾನ್ಸಿನ ಕ್ಲೆರ್ಮೋಂ ಎಂಬಲ್ಲಿ ಅವರು ಮಾಡಿದ ಭಾಷಣ ಲಕ್ಷಾಂತರ ಜೀವಗಳ ಹಣೆಬರಹ ಬರೆಯಿತು. ಪೂರ್ವಕ್ಕೆ ಶಸ್ತ್ರ ಹಿಡಿದು ಹೋಗುವುದೇ ಪಾಪಗಳಿಗೆ ಪ್ರಾಯಶ್ಚಿತ್ತ ಎಂದು ಅವರು ಸಾರಿದರು. ಆ ಕರೆಗೆ ಓಗೊಟ್ಟು ಎದ್ದ ಗುಂಪುಗಳು ಜೆರುಸಲೇಮ್ ತಲುಪುವ ಮೊದಲೇ, 1096ರಲ್ಲಿ, ಜರ್ಮನಿಯ ರೈನ್ ನದಿ ತೀರದ ಪಟ್ಟಣಗಳಲ್ಲಿ ಯಹೂದಿಯರನ್ನು ಕೊಚ್ಚಿ ಹಾಕಿದವು. 1099ರ ಜುಲೈ 15ರಂದು ಬೈತುಲ್ ಮಕ್ದಿಸ್‌ನ ಗೋಡೆ ಒಡೆಯಿತು. ಒಳಗಿದ್ದ ಮುಸ್ಲಿಮರೂ ಯಹೂದಿಯರೂ ಕತ್ತಿಗೆ ಬಲಿಯಾದರು. ಅದಾಗಿ ಹದಿನಾಲ್ಕು ದಿನಗಳಲ್ಲಿ, ಜುಲೈ 29ರಂದು, ಅರ್ಬನ್ ರೋಮಿನಲ್ಲಿ ಕೊನೆಯುಸಿರೆಳೆದರು. ಗೆದ್ದ ಸುದ್ದಿಯಾಗಲಿ ಹರಿದ ರಕ್ತದ ಸುದ್ದಿಯಾಗಲಿ ಅವರನ್ನು ತಲುಪಿರಲಿಲ್ಲ. ತಾನು ಹಚ್ಚಿದ ಬೆಂಕಿಯ ಬೂದಿಯನ್ನು ನೋಡದೆಯೇ ಹೋದ ಆ ಪೋಪರಿಗೆ 1881ರಲ್ಲಿ ರೋಮ್ ‘ಪುನೀತ’ ಪದವಿಯನ್ನು ದೃಢಪಡಿಸಿತು.

ಇಲ್ಲಿ ಪೀಠದ ವಕೀಲರು ಒಂದು ವಾದ ಮುಂದಿಡುತ್ತಾರೆ: ‘ಅಂದಿನ ಕಾಲವೇ ಹಾಗಿತ್ತು. ಇಂದಿನ ತಕ್ಕಡಿಯಲ್ಲಿ ಅಂದಿನವರನ್ನು ತೂಗಬೇಡಿ.’ ಸರಿ, ಇಂದಿನ ತಕ್ಕಡಿ ಬೇಡ. ಅಂದಿನ ತಕ್ಕಡಿಯನ್ನೇ ತರೋಣ. ಗ್ರೆಗರಿಯ ಪತ್ರಕ್ಕೂ ಅರ್ಬನ್‌ರ ಭಾಷಣಕ್ಕೂ ನಡುವಿನ ಅಂತರ ಕೇವಲ ಹತ್ತೊಂಬತ್ತು ವರ್ಷ. ಒಂದೇ ಮನೆ, ಒಂದೇ ಪೀಠ, ಒಂದೇ ತಲೆಮಾರು. ಒಬ್ಬರಿಗೆ ಮುಸ್ಲಿಮ್ ಅರಸನಲ್ಲಿ ಒಬ್ಬನೇ ದೇವನ ಆರಾಧಕ ಕಂಡರೆ, ಇನ್ನೊಬ್ಬರಿಗೆ ನಿರ್ಮೂಲ ಮಾಡಬೇಕಾದ ಶತ್ರು ಕಂಡ. ಹಾಗಿರುವಾಗ ಕಾಲದ ಮೇಲೆ ದೂರು ಹೊರಿಸುವುದು ನ್ಯಾಯವೇ?

ಸಹಿ ಹಾಕಿದ ಕೈ

ಶಿಲುಬೆ ಯುದ್ಧದ ಮಾತು ಬಂದಾಗ ಅದು ನಮ್ಮಿಂದ ಬಹು ದೂರದ ಸಂಗತಿ ಎಂದು ಹಲವರು ತಿಳಿಯುತ್ತಾರೆ. ಆದರೆ ನಮ್ಮ ಕರಾವಳಿಯ ಕಣ್ಣೀರಿಗೂ ರೋಮಿನ ಒಂದು ಸಹಿಗೂ ನೇರ ನಂಟಿದೆ. ಐದನೆಯ ನಿಕೊಲಸ್ ವಿದ್ಯಾಪ್ರೇಮಿ ಪೋಪ್. ಹಸ್ತಪ್ರತಿಗಳನ್ನು ಹುಡುಕಿ ತರಿಸಿ ವ್ಯಾಟಿಕನ್ ಗ್ರಂಥಾಲಯಕ್ಕೆ ಅಡಿಗಲ್ಲು ಹಾಕಿದವರು ಅವರು. ಅದೇ ಕೈ 1452ರ ಜೂನ್ 18ರಂದು ಪೋರ್ಚುಗಲ್ಲಿನ ದೊರೆ ಐದನೆಯ ಅಫೊನ್ಸೊಗೆ ಒಂದು ಆಜ್ಞಾಪತ್ರ ನೀಡಿತು. ‘ಸಾರಸೆನ’ರ, ಅಂದರೆ ಮುಸ್ಲಿಮರ, ಮತ್ತು ಇತರ ಅಕ್ರೈಸ್ತರ ನಾಡುಗಳ ಮೇಲೆ ದಂಡೆತ್ತಿ ಹೋಗಲು, ಅವರ ಆಸ್ತಿ ಕಸಿಯಲು, ಅವರನ್ನು ಶಾಶ್ವತ ಗುಲಾಮಗಿರಿಗೆ ತಳ್ಳಲು ಅದು ಅಧಿಕಾರ ಕೊಟ್ಟಿತು. 1455ರಲ್ಲಿ ಇನ್ನೊಂದು ಆಜ್ಞಾಪತ್ರ ಇದನ್ನು ಖಚಿತಪಡಿಸಿತು. 1493ರಲ್ಲಿ ಆರನೆಯ ಅಲೆಗ್ಸಾಂಡರ್ ಅಟ್ಲಾಂಟಿಕ್ ಸಾಗರದ ಮೇಲೊಂದು ಗೆರೆ ಎಳೆದು ಅದರಾಚೆಯ ನೆಲವನ್ನು ಸ್ಪೇನಿಗೆ ಬರೆದುಕೊಟ್ಟರು. ಆ ನೆಲದಲ್ಲಿ ಸಾವಿರಾರು ವರ್ಷಗಳಿಂದ ಬದುಕಿದ್ದವರನ್ನು ಕೇಳಿದವರಿಲ್ಲ.

ವಾಸ್ಕೋ ಡ ಗಾಮ 1498ರಲ್ಲಿ ಕಲ್ಲಿಕೋಟೆಯ ಬಳಿ ಇಳಿದಾಗ ಪೋರ್ಚುಗಲ್ಲಿನ ಕೈಯಲ್ಲಿದ್ದ ನೈತಿಕ ಪರವಾನಗಿ ಈ ಕಾಗದಗಳೇ ಆಗಿದ್ದವು. 1502ರಲ್ಲಿ ಎರಡನೆಯ ಬಾರಿ ಬಂದ ಆತ, ಮಕ್ಕಾದಿಂದ ಮರಳುತ್ತಿದ್ದ ಯಾತ್ರಿಕರ ಹಡಗನ್ನು ಮಲಬಾರಿನ ಸಮುದ್ರದಲ್ಲಿ ಹೆಂಗಸರು ಮಕ್ಕಳ ಸಮೇತ ಸುಟ್ಟುಹಾಕಿದ. ಹದಿನಾರನೆಯ ಶತಮಾನದುದ್ದಕ್ಕೂ ಈ ಶಕ್ತಿಯ ಎದುರು ಮಲಬಾರಿನ ಮಾಪಿಳ್ಳೆಗಳೂ ಉಳ್ಳಾಲದ ರಾಣಿ ಅಬ್ಬಕ್ಕನೂ ಹೋರಾಡಬೇಕಾಯಿತು. ಗೋವೆಯಲ್ಲಿ 1560ರಲ್ಲಿ ಸ್ಥಾಪನೆಯಾದ ಮತವಿಚಾರಣಾ ಮಂಡಳಿ ನಡುವಿನ ಕೆಲವು ವರ್ಷಗಳ ಬಿಡುವಿನ ಹೊರತಾಗಿ 1812ರವರೆಗೆ ನಡೆಯಿತು. ಅದರ ಕಾಟಕ್ಕೆ ಮೊದಲು ಸಿಕ್ಕವರು ಹೊಸದಾಗಿ ಕ್ರೈಸ್ತರಾದವರೇ. ಹಳೆಯ ಪದ್ಧತಿಯನ್ನು ಮನೆಯೊಳಗೆ ಉಳಿಸಿಕೊಂಡಿದ್ದಾರೆಂಬ ಸಂಶಯವೇ ಅವರನ್ನು ಸೆರೆಮನೆಗೆ ತಳ್ಳಲು ಸಾಕಾಗಿತ್ತು. ಯುದ್ಧ, ಬರ, ತೆರಿಗೆಗಳ ಜೊತೆಗೆ ಈ ಭಯವೂ ಸೇರಿ ಹಲವಾರು ಕೊಂಕಣಿ ಕೆಥೊಲಿಕ ಕುಟುಂಬಗಳನ್ನು ಗೋವೆಯಿಂದ ದಕ್ಷಿಣಕ್ಕೆ ಅಟ್ಟಿತು. ಇಂದು ದಕ್ಷಿಣ ಕನ್ನಡ ಮತ್ತು ಉಡುಪಿಯ ಇಗರ್ಜಿಗಳಲ್ಲಿ ಪ್ರಾರ್ಥಿಸುವ ಎಷ್ಟೋ ಮಂದಿ ಆ ನೊಂದವರ ಸಂತತಿ.

1537ರಲ್ಲಿ ಮೂರನೆಯ ಪೌಲ್ ಅವರು ಅಮೆರಿಕದ ಮೂಲನಿವಾಸಿಗಳನ್ನು ಗುಲಾಮರನ್ನಾಗಿಸಬಾರದು, ಅವರ ಸ್ವಾತಂತ್ರ್ಯ ಮತ್ತು ಆಸ್ತಿ ಕಸಿಯಬಾರದು ಎಂದು ಸಾರಿದ್ದನ್ನೂ ಹೇಳಲೇಬೇಕು. ಪೋರ್ಚುಗಲ್ಲಿಗೆ ಮತವಿಚಾರಣಾ ಮಂಡಳಿಯ ಅನುಮತಿ ಕೊಟ್ಟವರೂ ಅವರೇ, ಅದೂ ಒಂದು ವರ್ಷದ ಹಿಂದೆಯಷ್ಟೇ. ಒಂದೇ ಪೀಠ ಒಂದು ಕೈಯಿಂದ ಸಂಕಲೆ ಬಿಚ್ಚುತ್ತಾ ಇನ್ನೊಂದು ಕೈಯಿಂದ ಸಂಕಲೆ ತೊಡಿಸುತ್ತಿತ್ತು.

ಈಗ ಲೆಕ್ಕ ಹಾಕಿ. 1452ರ ಆ ಆಜ್ಞಾಪತ್ರದಿಂದ ಬೆಳೆದ ‘ಕಂಡುಹಿಡಿದವನದೇ ನೆಲ’ ಎಂಬ ಸಿದ್ಧಾಂತವನ್ನು ವ್ಯಾಟಿಕನ್ ಅಧಿಕೃತವಾಗಿ ತಿರಸ್ಕರಿಸಿದ್ದು 2023ರ ಮಾರ್ಚ್ 30ರಂದು. 571 ವರ್ಷಗಳ ತರುವಾಯ! ಬಂದ ಹೇಳಿಕೆಯಾದರೂ ಎಂತಹದು? ಆ ಆಜ್ಞಾಪತ್ರಗಳು ಮೂಲನಿವಾಸಿಗಳ ಘನತೆಯನ್ನು ಸಾಕಷ್ಟು ಪ್ರತಿಬಿಂಬಿಸಲಿಲ್ಲ, ಆದರೆ ಅವು ಸಭೆಯ ಬೋಧನೆಯಾಗಿರಲಿಲ್ಲ, ವಸಾಹತು ಶಕ್ತಿಗಳು ಅವನ್ನು ರಾಜಕೀಯಕ್ಕೆ ತಿರುಚಿಕೊಂಡವು ಎಂದು ವ್ಯಾಟಿಕನ್‌ನ ಎರಡು ಇಲಾಖೆಗಳು ಜಂಟಿಯಾಗಿ ತಿಳಿಸಿದವು. ತಿರುಚಲು ಅಲ್ಲಿ ಏನಿತ್ತು? ‘ಶಾಶ್ವತ ಗುಲಾಮಗಿರಿ’ ಎಂದು ಬರೆದದ್ದನ್ನು ಶಾಶ್ವತ ಗುಲಾಮಗಿರಿ ಎಂದೇ ಓದಿದ್ದು ತಿರುಚುವಿಕೆಯೇ? ಬರೆದದ್ದು ಪೋಪರು, ಸಹಿ ಪೋಪರದ್ದು, ಮುದ್ರೆ ಪೀಠದ್ದು. ತಪ್ಪು ಮಾತ್ರ ಓದಿದವರದ್ದು!

ಹೇಳಿದವರೊಬ್ಬರಿದ್ದರು

ಪೋಪರೊಬ್ಬರು ತಮ್ಮ ಪೀಠದ ಕಡೆಗೇ ಬೆರಳು ತೋರಿಸುವುದು ಅಸಾಧ್ಯವೆಂದು ಯಾರಾದರೂ ಹೇಳಿದರೆ ಅವರಿಗೆ ಆರನೆಯ ಏಡ್ರಿಯನ್ನರ ಹೆಸರು ನೆನಪಿಸಬೇಕು. ಈಗಿನ ನೆದರ್ಲೆಂಡಿನ ಯುಟ್ರೆಕ್ಟ್‌ನಲ್ಲಿ ಹುಟ್ಟಿದ ಈ ವಿದ್ವಾಂಸರು ಚಕ್ರವರ್ತಿ ಐದನೆಯ ಚಾರ್ಲ್ಸನಿಗೆ ಗುರುಗಳಾಗಿದ್ದವರು. 1522ರ ಜನವರಿಯಲ್ಲಿ, ತಾವು ರೋಮಿನಲ್ಲಿ ಇಲ್ಲದಿರುವಾಗಲೇ ಪೋಪರಾಗಿ ಆಯ್ಕೆಯಾದರು. ಅವರಿಗಿಂತ ಹಿಂದಿನ ಹತ್ತನೆಯ ಲಿಯೋ ಕಾಲದಲ್ಲಿ ಸಂತ ಪೇತ್ರರ ಮಹಾದೇವಾಲಯ ಕಟ್ಟುವ ಖರ್ಚಿಗಾಗಿ ಪಾಪವಿಮೋಚನಾ ಪತ್ರಗಳು ಬಿಕರಿಯಾಗಿದ್ದವು. ಜರ್ಮನಿಯಲ್ಲಿ 1517ರಿಂದ ಮಾರ್ಟಿನ್ ಲೂಥರನ ಬಂಡಾಯ ಹೊತ್ತಿ ಉರಿಯುತ್ತಿತ್ತು. ಲಿಯೋ ಬಿಟ್ಟುಹೋದದ್ದು ಬರಿದಾದ ಬೊಕ್ಕಸವನ್ನೂ ಒಡೆದ ಸಮುದಾಯವನ್ನೂ.

1523ರ ಜನವರಿಯಲ್ಲಿ ಜರ್ಮನಿಯ ನ್ಯೂರೆಂಬರ್ಗ್ ನಗರದಲ್ಲಿ ರಾಜರೂ ಪ್ರಭುಗಳೂ ಸೇರಿದ್ದ ಮಹಾಸಭೆಯಲ್ಲಿ ಏಡ್ರಿಯನ್ನರ ಪ್ರತಿನಿಧಿ ಕಿಯೆರೆಗಾತಿ ಅವರ ಸಂದೇಶವನ್ನು ಓದಿದರು. ಅನೇಕ ವರ್ಷಗಳಿಂದ ಈ ಪವಿತ್ರ ಪೀಠದಲ್ಲೇ ಅಸಹ್ಯವಾದ ಅನಾಚಾರಗಳು ನಡೆದಿವೆ, ರೋಗವು ತಲೆಯಿಂದ ಅಂಗಾಂಗಗಳಿಗೆ, ಪೋಪರಿಂದ ಕೆಳಗಿನ ಪಾದ್ರಿಗಳಿಗೆ ಹರಡಿದೆ, ಆದುದರಿಂದ ಸುಧಾರಣೆಯೂ ರೋಮಿನ ಈ ಆಸ್ಥಾನದಿಂದಲೇ ಆರಂಭವಾಗಬೇಕು ಎಂಬುದು ಅದರ ಸಾರ. ‘ಮಕ್ಕಳು’ ಎನ್ನಲಿಲ್ಲ, ‘ತಲೆ’ ಎಂದರು. ಶತ್ರು ಎದುರಿಗೆ ನಿಂತಿರುವಾಗ, ಈ ಒಂದೊಂದು ಮಾತೂ ಶತ್ರುವಿನ ಬತ್ತಳಿಕೆಗೆ ಬಾಣವಾಗುವುದೆಂದು ತಿಳಿದಿದ್ದೂ ಹೇಳಿದರು. ಅದೇ ಸಂದೇಶದಲ್ಲಿ ಲೂಥರನ ಮೇಲೆ ಕಠಿಣ ಕ್ರಮಕ್ಕೂ ಒತ್ತಾಯಿಸಿದ್ದರು. ಪೋಪರಾಗುವ ಮುನ್ನ ಸ್ಪೇನಿನ ಮತವಿಚಾರಣಾ ಮಂಡಳಿಯ ಮುಖ್ಯಸ್ಥರೂ ಆಗಿದ್ದರು. ಅವರನ್ನು ದೇವದೂತರನ್ನಾಗಿಸುವ ಅಗತ್ಯವಿಲ್ಲ. ಆದರೆ ಅಂದು ಆ ಮಾತು ಆಡಿದ್ದಕ್ಕೆ ಅವರು ತೆತ್ತ ಬೆಲೆಯನ್ನು ಗಮನಿಸಿ.

ಆಸ್ಥಾನದ ದುಂದುವೆಚ್ಚಕ್ಕೆ ಕತ್ತರಿ ಹಾಕಿದ ಏಡ್ರಿಯನ್ನರನ್ನು ರೋಮಿನವರು ಜಿಪುಣ, ಒರಟು, ಪರದೇಶಿ ಎಂದು ಹೀಯಾಳಿಸಿದರು. 1523ರ ಸೆಪ್ಟೆಂಬರ್ 14ರಂದು, ಆಯ್ಕೆಯಾಗಿ ಇಪ್ಪತ್ತು ತಿಂಗಳಲ್ಲೇ, ಅವರು ತೀರಿಕೊಂಡರು. ಅವರ ವೈದ್ಯನ ಮನೆಬಾಗಿಲಿಗೆ ಹಾರ ಹಾಕಿ, ನಾಡನ್ನು ಬಿಡುಗಡೆಗೊಳಿಸಿದವನೆಂದು ರೋಮಿನವರು ಅಭಿನಂದಿಸಿದರೆಂದು ಅಂದಿನ ಚರಿತ್ರೆಕಾರರು ದಾಖಲಿಸಿದ್ದಾರೆ. ಆನಂತರ 455 ವರ್ಷಗಳ ಕಾಲ, 1978ರವರೆಗೆ, ಇಟಲಿಯ ಹೊರಗಿನವರೊಬ್ಬರನ್ನು ಆ ಪೀಠದ ಮೇಲೆ ಕೂರಿಸಲಿಲ್ಲ. ಯುದ್ಧಕ್ಕೆ ಕರೆಕೊಟ್ಟ ಅರ್ಬನ್ ‘ಪುನೀತ’ರಾದರು. ಪೀಠದ ರೋಗ ಹೇಳಿದ ಏಡ್ರಿಯನ್ನರಿಗೆ ಅಂತಹ ಯಾವ ಪದವಿಯೂ ದೊರೆಯಲಿಲ್ಲ. ಒಂದು ಸಂಸ್ಥೆ ಯಾರನ್ನು ಪೂಜಿಸುತ್ತದೆ, ಯಾರನ್ನು ಮರೆಯುತ್ತದೆ ಎಂಬುದರಿಂದ ಅದರ ಒಳಮನಸ್ಸನ್ನು ತಿಳಿಯಬಹುದು.

ಕ್ಷಮೆ ಕೇಳಿದ ವರ್ಷ

ಇನ್ನು ನಮ್ಮ ಕಾಲಕ್ಕೆ ಬರೋಣ. 2000ದ ಮಾರ್ಚ್ 12ರಂದು ಎರಡನೆಯ ಜಾನ್ ಪಾಲ್ ಅವರು ಸಂತ ಪೇತ್ರರ ಮಹಾದೇವಾಲಯದಲ್ಲಿ ಎರಡು ಸಾವಿರ ವರ್ಷಗಳ ತಪ್ಪುಗಳಿಗಾಗಿ ದೇವನಲ್ಲಿ ಕ್ಷಮೆ ಕೋರಿದರು. ಏಳು ಬಗೆಯ ಪಾಪಗಳಿಗಾಗಿ ಪ್ರಾರ್ಥನೆ ನಡೆಯಿತು. ಅದೊಂದು ಅಪೂರ್ವ ಘಟನೆ. ಅದನ್ನು ಹಗುರವಾಗಿ ಕಾಣುವುದು ಸಲ್ಲದು. ಹಾಗೆ ಕ್ಷಮೆ ಕೇಳುವ ಧೈರ್ಯ ಬೇರೆ ಎಷ್ಟು ಅಧಿಕಾರಪೀಠಗಳಿಗಿದೆ? ಆದರೂ ಆ ಪ್ರಾರ್ಥನೆಗಳಲ್ಲಿ ಶಿಲುಬೆ ಯುದ್ಧದ ಹೆಸರಿರಲಿಲ್ಲ. ಮತವಿಚಾರಣಾ ಮಂಡಳಿಯ ಹೆಸರಿರಲಿಲ್ಲ. ಯಾವ ಪೋಪರ ಹೆಸರೂ ಇರಲಿಲ್ಲ. ತಪ್ಪಿದವರು ಸಭೆಯ ‘ಪುತ್ರರೂ ಪುತ್ರಿಯರೂ’. ಸಭೆ ಮಾತ್ರ ನಿಷ್ಕಳಂಕ ತಾಯಿ. 1995ರಲ್ಲಿ ಅದೇ ಪೋಪರು ಪೀಠದ ಕುರಿತಾದ ನೋವಿನ ನೆನಪುಗಳಿಗಾಗಿ ಇತರ ಕ್ರೈಸ್ತ ಪಂಗಡಗಳ ಕ್ಷಮೆ ಕೋರಿದ್ದರು. ಅಲ್ಲೂ ‘ನಾವು ಹೊಣೆಗಾರರಾಗಿರುವಷ್ಟರ ಮಟ್ಟಿಗೆ’ ಎಂಬ ಬೇಲಿ ಇತ್ತು.

ಆ ಕ್ಷಮಾಪ್ರಾರ್ಥನೆಯಾಗಿ ಆರು ತಿಂಗಳು ತುಂಬುವ ಮೊದಲೇ, 2000ದ ಸೆಪ್ಟೆಂಬರ್ 3ರಂದು, ಅದೇ ಜಾನ್ ಪಾಲ್ ಅವರು ಒಂಬತ್ತನೆಯ ಪಯಸ್ ಅವರನ್ನು ‘ಪುನೀತ’ರೆಂದು ಸಾರಿದರು. ಈ ಪಯಸ್ ಯಾರು? 1870ರಲ್ಲಿ ಪೋಪರು ಪೀಠದಿಂದ ವಿಧಿಬದ್ಧವಾಗಿ ಬೋಧಿಸುವ ಧರ್ಮತತ್ವದಲ್ಲಿ ತಪ್ಪುವುದಿಲ್ಲ ಎಂಬ ಸಿದ್ಧಾಂತವನ್ನು ಘೋಷಿಸಿದವರು. ಅದಕ್ಕಿಂತ ಹನ್ನೆರಡು ವರ್ಷ ಹಿಂದೆ, 1858ರ ಜೂನ್ 23ರ ಸಂಜೆ, ಪೋಪರ ಆಳ್ವಿಕೆಯಲ್ಲಿದ್ದ ಬೊಲೋನ್ಯ ನಗರದಲ್ಲಿ ಮೋರ್ತಾರಾ ಎಂಬ ಯಹೂದಿ ಕುಟುಂಬದ ಮನೆಗೆ ಪೊಲೀಸರು ಬಂದರು. ಆರು ವರ್ಷದ ಎಡ್ಗಾರ್ಡೊ ಎಂಬ ಬಾಲಕನನ್ನು ಒಪ್ಪಿಸುವಂತೆ ಆದೇಶವಿತ್ತು. ಮಗು ಕಾಯಿಲೆ ಬಿದ್ದಿದ್ದಾಗ ಮನೆಗೆಲಸದ ಕ್ರೈಸ್ತ ಹುಡುಗಿಯೊಬ್ಬಳು ಹೆತ್ತವರಿಗೆ ತಿಳಿಯದಂತೆ ಅದಕ್ಕೆ ಜ್ಞಾನಸ್ನಾನ ಮಾಡಿಸಿದ್ದಳಂತೆ. ಜ್ಞಾನಸ್ನಾನವಾದ ಮಗು ಕ್ರೈಸ್ತ. ಕ್ರೈಸ್ತ ಮಗು ಯಹೂದಿ ಮನೆಯಲ್ಲಿ ಬೆಳೆಯುವಂತಿಲ್ಲ. ಇದು ಆ ರಾಜ್ಯದ ಕಾನೂನು.

ತಾಯಿಯ ಮಡಿಲಿನಿಂದ ಮಗುವನ್ನು ಕಿತ್ತುಕೊಂಡರು. ಯುರೋಪು, ಅಮೆರಿಕಗಳಲ್ಲಿ ಪ್ರತಿಭಟನೆಗಳೆದ್ದವು. ಪೋಪರ ರಾಜ್ಯಕ್ಕೆ ಸೈನ್ಯದ ಕಾವಲು ಕೊಟ್ಟಿದ್ದ ಫ್ರಾನ್ಸಿನ ಚಕ್ರವರ್ತಿ ಮೂರನೆಯ ನೆಪೋಲಿಯನ್ ಕೂಡ ಮಗುವನ್ನು ಮರಳಿಸಲು ಕೇಳಿಕೊಂಡ. ಪಯಸ್ ಜಗ್ಗಲಿಲ್ಲ. ಬಾಲಕನನ್ನು ತಮ್ಮ ಆಶ್ರಯದಲ್ಲೇ ಬೆಳೆಸಿದರು, ಅವನು ಪಾದ್ರಿಯಾದ, 1940ರಲ್ಲಿ ಬೆಲ್ಜಿಯಮ್ಮಿನಲ್ಲಿ ತೀರಿಕೊಂಡ. ಓದುಗರೇ, ನಿಮ್ಮ ಮನೆಯ ಬಾಗಿಲಿಗೆ ಪೊಲೀಸರು ಬಂದು, ನಿಮ್ಮ ಮಗು ಇನ್ನು ನಿಮ್ಮದಲ್ಲ, ಅದರ ಧರ್ಮ ಬದಲಾಗಿದೆ ಎಂದು ಎತ್ತಿಕೊಂಡು ಹೋದರೆ ಆ ರಾತ್ರಿ ನಿಮ್ಮ ಮನೆಯಲ್ಲಿ ಹೇಗಿದ್ದೀತು? ಮಾರ್ಚಿಯಲ್ಲಿ ಯಹೂದಿಯರ ಮೇಲಿನ ಪಾಪಕ್ಕಾಗಿ ಕಣ್ಣೀರಿಟ್ಟ ಅದೇ ಪೀಠ, ಸೆಪ್ಟೆಂಬರ್‌ನಲ್ಲಿ ಆ ಮಗುವನ್ನು ಹಿಂದಿರುಗಿಸದವರ ಕೊರಳಿಗೆ ಹಾರ ಹಾಕಿತು. ಯಾರ ತಪ್ಪಿಗೆ ಮಾರ್ಚಿಯಲ್ಲಿ ಕ್ಷಮೆ ಕೇಳಲಾಯಿತು? ಪುತ್ರರು ತಪ್ಪಿದರು ಎಂದಾದರೆ ಆ ಪುತ್ರರಿಗೆ ಆದೇಶ ಕೊಟ್ಟವರು ಯಾರು?

ಇದೇ ಧಾಟಿ ಮತ್ತೆ ಮತ್ತೆ ಕೇಳಿಬರುತ್ತದೆ. 1633ರಲ್ಲಿ ಎಂಟನೆಯ ಅರ್ಬನ್ನರ ಕಾಲದಲ್ಲಿ ಗೆಲಿಲಿಯೋನನ್ನು ಮೊಣಕಾಲೂರಿಸಿ, ಭೂಮಿ ಚಲಿಸುತ್ತದೆಂಬ ಮಾತನ್ನು ಹಿಂತೆಗೆಸಲಾಯಿತು. 359 ವರ್ಷಗಳ ಬಳಿಕ, 1992ರಲ್ಲಿ, ತಪ್ಪನ್ನು ಒಪ್ಪಿದರೂ ಅದು ‘ಪರಸ್ಪರ’ ಅಪಾರ್ಥದ ದುರಂತವೆಂದು ಬಣ್ಣಿಸಲಾಯಿತು. ಸೆರೆಯಲ್ಲಿದ್ದವನಿಗೂ ಸೆರೆಗೆ ಹಾಕಿದವರಿಗೂ ಸಮಪಾಲು!

2006ರ ಸೆಪ್ಟೆಂಬರ್ 12ರಂದು ಜರ್ಮನಿಯ ರೇಗನ್ಸ್‌ಬರ್ಗ್ ವಿಶ್ವವಿದ್ಯಾನಿಲಯದಲ್ಲಿ ಹದಿನಾರನೆಯ ಬೆನೆಡಿಕ್ಟ್ ಅವರು ಪ್ರವಾದಿ ಮುಹಮ್ಮದ್(ಸ)ರ ಬಗ್ಗೆ ಬೈಜಾಂಟಿಯಮ್ಮಿನ ಹಳೆಯ ಚಕ್ರವರ್ತಿಯೊಬ್ಬನ ಕಟುಮಾತನ್ನು ಉದ್ಧರಿಸಿದರು. ಐದು ದಿನಗಳ ನಂತರ ಅವರು ವಿಷಾದಿಸಿದ್ದು ತಮ್ಮ ಮಾತಿಗೆ ಕೆಲವು ದೇಶಗಳಲ್ಲಿ ಹುಟ್ಟಿದ ಪ್ರತಿಕ್ರಿಯೆಗಾಗಿ. ಆ ಉದ್ಧರಣೆ ತಮ್ಮ ಸ್ವಂತ ಅಭಿಪ್ರಾಯವಲ್ಲ ಎಂಬ ಸ್ಪಷ್ಟನೆಯೂ ಬಂತು. ಅಂದರೆ ದೋಷ ಕೇಳಿದ ಕಿವಿಯದು, ಆಡಿದ ನಾಲಗೆಯದಲ್ಲ. ಅದೇ ದಿನಗಳಲ್ಲಿ ಪೆಲೆಸ್ತೀನಿನ ಚರ್ಚ್‌ಗಳ ಮೇಲೆ ದಾಳಿ ನಡೆಸಿದವರು ಮತ್ತು ಸೋಮಾಲಿಯದಲ್ಲಿ ರೋಗಿಗಳ ಸೇವೆಯಲ್ಲಿದ್ದ ಇಟಲಿಯ ಸನ್ಯಾಸಿನಿಯನ್ನು ಗುಂಡಿಕ್ಕಿ ಕೊಂದವರು ಮಾಡಿದ್ದು ಪಾಪವೇ ಹೊರತು ಧರ್ಮರಕ್ಷಣೆಯಲ್ಲ. ಅದಕ್ಕಿಂತ ಘನವಾದ ಉತ್ತರ ಕೊಟ್ಟವರು 2007ರ ಅಕ್ಟೋಬರ್‌ನಲ್ಲಿ ಕ್ರೈಸ್ತ ನಾಯಕರಿಗೆ ಸಂವಾದದ ಬಹಿರಂಗ ಪತ್ರ ಬರೆದ 138 ಮುಸ್ಲಿಮ್ ವಿದ್ವಾಂಸರು.

ಅವಸರದ ಸಂತತನ

ಜಾನ್ ಪಾಲ್ ಅವರು 2005ರಲ್ಲಿ ನಿಧನರಾದಾಗ ಅಂತ್ಯಕ್ರಿಯೆಯ ಚೌಕದಲ್ಲೇ ‘ಕೂಡಲೇ ಸಂತರೆಂದು ಸಾರಿ’ ಎಂಬ ಫಲಕಗಳೆದ್ದವು. 2014ರಲ್ಲಿ ಅವರು ಸಂತರೆನಿಸಿದರು. ಆರು ವರ್ಷಗಳ ಬಳಿಕ, 2020ರ ನವೆಂಬರ್‌ನಲ್ಲಿ, ವ್ಯಾಟಿಕನ್ ತಾನೇ ಪ್ರಕಟಿಸಿದ ವರದಿ ಬಯಲಿಗೆ ತಂದದ್ದೇನು? ಲೈಂಗಿಕ ದುರಾಚಾರದ ಎಚ್ಚರಿಕೆ ಲಿಖಿತವಾಗಿ ಬಂದಿದ್ದರೂ, ಆರೋಪಿಯ ನಿರಾಕರಣೆಯನ್ನೇ ನಂಬಿ ಜಾನ್ ಪಾಲ್ ಅವರು ಥಿಯೋಡರ್ ಮೆಕ್‌ಕ್ಯಾರಿಕ್‌ನನ್ನು 2000ದಲ್ಲಿ ವಾಷಿಂಗ್ಟನ್ನಿನ ಆರ್ಚ್‌ಬಿಷಪ್ ಆಗಿ ನೇಮಿಸಿದ್ದರು. 2019ರಲ್ಲಿ ಆತನನ್ನು ಪಾದ್ರಿ ಪದವಿಯಿಂದಲೇ ಕಿತ್ತುಹಾಕಬೇಕಾಯಿತು. ಕಡತ ತೆರೆಯುವ ಮುನ್ನವೇ ಸಂತ ಪದವಿ ಕೊಟ್ಟರೆ, ತೆರೆದಾಗ ಹೊರಬರುವ ಸತ್ಯವನ್ನು ಎಲ್ಲಿಡುವುದು? ಸಂತರನ್ನು ಆರಿಸುವುದು ಕೆಥೊಲಿಕರ ಆಂತರಿಕ ವಿಷಯ ಎನ್ನಬಹುದು. ನೊಂದವರ ಕಣ್ಣೀರು ಯಾವ ಮತದ ಆಂತರಿಕ ವಿಷಯವೂ ಅಲ್ಲ.

ಫ್ರಾನ್ಸಿಸ್ ಅವರ ವಿಷಯದಲ್ಲಿ ನ್ಯಾಯವಾಗಿ ಮಾತಾಡಬೇಕು. 2018ರ ಜನವರಿಯಲ್ಲಿ ಚಿಲಿ ದೇಶದಲ್ಲಿ, ಪಾದ್ರಿಯೊಬ್ಬನ ದುಷ್ಕೃತ್ಯವನ್ನು ಮುಚ್ಚಿಟ್ಟ ಆರೋಪ ಹೊತ್ತಿದ್ದ ಬಿಷಪರನ್ನು ಸಮರ್ಥಿಸುತ್ತಾ ಅವರು ನೊಂದವರ ಮಾತನ್ನು ಅಪನಿಂದೆ ಎಂದುಬಿಟ್ಟರು. ತನಿಖೆಗೆ ಪ್ರತಿನಿಧಿಯನ್ನು ಕಳುಹಿಸಿದ ಮೇಲೆ ಏಪ್ರಿಲ್‌ನಲ್ಲಿ, ಪರಿಸ್ಥಿತಿಯನ್ನು ಅಳೆಯುವುದರಲ್ಲಿ ತಾವೇ ಗಂಭೀರ ತಪ್ಪು ಮಾಡಿದ್ದಾಗಿ ಬರೆದರು. ಆ ಸಂತ್ರಸ್ತರನ್ನು ಕರೆಸಿಕೊಂಡು ಕ್ಷಮೆ ಕೇಳಿದರು. ಮೇ ತಿಂಗಳಲ್ಲಿ ಚಿಲಿಯ ಎಲ್ಲ ಬಿಷಪರೂ ರಾಜೀನಾಮೆ ಮುಂದಿಟ್ಟರು. 2015ರಲ್ಲಿ ಬೊಲಿವಿಯದಲ್ಲಿ, ಮೂಲನಿವಾಸಿಗಳ ಮೇಲೆ ‘ಸಭೆಯೇ’ ಎಸಗಿದ ಅಪರಾಧಗಳಿಗೂ ಕ್ಷಮೆ ಕೇಳಿದ್ದರು. ಏಡ್ರಿಯನ್ನರ ಕಾಲದಿಂದ ಮುಚ್ಚಿದ್ದ ಬಾಗಿಲು ಅಂದು ಒಂದಿಷ್ಟು ತೆರೆಯಿತು. ಆದರೆ 2022ರ ಜುಲೈನಲ್ಲಿ ಕೆನಡಾದಲ್ಲಿ ಅದು ಮತ್ತೆ ಅರೆಮುಚ್ಚಿತು. ಮೂಲನಿವಾಸಿಗಳ ಸುಮಾರು 1,50,000 ಮಕ್ಕಳನ್ನು ಹೆತ್ತವರಿಂದ ಬೇರ್ಪಡಿಸಿ ಇಟ್ಟ ವಸತಿ ಶಾಲೆಗಳಲ್ಲಿ ಹೆಚ್ಚಿನವನ್ನು ನಡೆಸಿದ್ದು ಕೆಥೊಲಿಕ ಸಂಘಗಳು. ಅಲ್ಲಿ ಮೊದಲ ದಿನ ಪೋಪರು ಕ್ಷಮೆ ಕೇಳಿದ್ದು ‘ಅನೇಕ ಕ್ರೈಸ್ತರು’ ಮಾಡಿದ ಕೆಡುಕಿಗಾಗಿ. ಅದು ನರಮೇಧವೇ ಎಂಬುದನ್ನು ಒಪ್ಪಿದ್ದು ಮರಳುವ ವಿಮಾನದಲ್ಲಿ, ಪತ್ರಕರ್ತರ ಪ್ರಶ್ನೆಗೆ ಉತ್ತರವಾಗಿ.

ಆದರೂ ಗಾಝಾದ ಮೇಲೆ ಬಾಂಬುಗಳು ಬೀಳುತ್ತಿದ್ದ ರಾತ್ರಿಗಳಲ್ಲಿ ಅಲ್ಲಿನ ಪವಿತ್ರ ಕುಟುಂಬ ಚರ್ಚ್‌ಗೆ ಫ್ರಾನ್ಸಿಸ್ ಅವರು ತಮ್ಮ ಕೊನೆಯ ದಿನಗಳವರೆಗೂ ದೂರವಾಣಿ ಕರೆ ಮಾಡುತ್ತಿದ್ದುದನ್ನು ನಾವು ಮರೆಯಲಾರೆವು. ದೊಡ್ಡ ದೇಶಗಳ ಅಧ್ಯಕ್ಷರು ನಾಲಗೆ ಕಚ್ಚಿಕೊಂಡಿದ್ದಾಗ, ಬೆಲೆ ತೆರಬೇಕಾಗಿದ್ದ ಹೊತ್ತಿನಲ್ಲೇ ಅವರು ಮಾತಾಡಿದರು. ಮುನ್ನೂರು ವರ್ಷ ಕಳೆದ ಮೇಲೆ ಸತ್ತವರ ಪರ ಕ್ಷಮೆ ಕೇಳಲು ಯಾವ ಖರ್ಚೂ ಇಲ್ಲ. ಪೋಪರ ಪರಂಪರೆಯನ್ನು ಅಳೆಯಬೇಕಾದದ್ದು ಹೀಗೆ ಬದುಕಿರುವವರ ಪರ ಆಡಿದ ಮಾತಿನಿಂದ.

ಎತ್ತಿಗೆ ಜ್ವರ, ಎಮ್ಮೆಗೆ ಬರೆ

ಕೊನೆಯದಾಗಿ ನಮ್ಮವರಿಗೂ ಒಂದು ಮಾತು. ಪೋಪರ ಈ ಚರಿತ್ರೆಯನ್ನು ನೆರೆಮನೆಯ ಕ್ರೈಸ್ತನ ಮುಖಕ್ಕೆ ಎಸೆಯಲು ಬಳಸುವವರು ನಮ್ಮಲ್ಲಿದ್ದಾರೆ. ಮಕ್ಕಳಿಗೆ ಪಾಠ ಹೇಳುವ ಟೀಚರು, ಆಸ್ಪತ್ರೆಯಲ್ಲಿ ರಾತ್ರಿ ಪಾಳಿ ಮಾಡುವ ಸನ್ಯಾಸಿನಿ ಕ್ಲೆರ್ಮೋಂನ ಭಾಷಣಕ್ಕೆ ಉತ್ತರ ಕೊಡಬೇಕೇ? 1784ರಲ್ಲಿ ಟಿಪ್ಪು ಸುಲ್ತಾನರು ಕರಾವಳಿಯ ಕೆಥೊಲಿಕರನ್ನು ಶ್ರೀರಂಗಪಟ್ಟಣಕ್ಕೆ ಸೆರೆ ಒಯ್ದ ನೆನಪು ಅವರ ಮನೆಗಳಲ್ಲಿ ಇಂದಿಗೂ ಇದೆ. ಅದನ್ನು ಇಂದಿನ ಮುಸ್ಲಿಮನ ತಲೆಗೆ ಕಟ್ಟುವುದು ಅನ್ಯಾಯ ಎನ್ನುವ ನಾವು, ಅದೇ ಅನ್ಯಾಯವನ್ನು ಇನ್ನೊಬ್ಬರಿಗೆ ಮಾಡಲಾದೀತೇ? ಗೋವೆಯ ಮತವಿಚಾರಣೆಯನ್ನು ಎತ್ತಿ ಆಡುತ್ತಾ ಇಂದಿನ ಕ್ರೈಸ್ತರ ಮೇಲೆ ದ್ವೇಷ ಕಾರುವ ರಾಜಕೀಯವೂ ನಮ್ಮ ಕಣ್ಣೆದುರೇ ಇದೆ. 2008ರ ಸೆಪ್ಟೆಂಬರ್‌ನಲ್ಲಿ ಮಂಗಳೂರಿನ ಚರ್ಚ್‌ಗಳ ಮೇಲೆ ದಾಳಿಯಾದಾಗ ಒಳಗಿದ್ದವರು ಬೋರ್ಜಿಯಾಗಳಲ್ಲ. ಮತವಿಚಾರಣೆಗೆ ಅಂಜಿ ಓಡಿ ಬಂದವರ ಮೊಮ್ಮಕ್ಕಳು.

ಹಾಗಾದರೆ ಪೀಠವನ್ನು ಮಾತ್ರ ಏಕೆ ಪ್ರಶ್ನಿಸಬೇಕು? ಸಮುದಾಯ ಬೇರೆ, ಪೀಠ ಬೇರೆ. ಅರಸ ಸತ್ತರೆ, ವಂಶ ಅಳಿದರೆ ಆ ಸಿಂಹಾಸನವೂ ಇಲ್ಲವಾಗುತ್ತದೆ. ಪೋಪ್ ಪೀಠ ಹಾಗಲ್ಲ. ಸಂತ ಪೇತ್ರರಿಂದ ಇಂದಿನವರೆಗೆ ತಾನು ಒಂದೇ, ಅಖಂಡ ಎಂದು ಅದು ಸಾರುತ್ತದೆ. ಆ ಹಕ್ಕಿನ ಬಲದಿಂದಲೇ ಅದಕ್ಕೆ ಗೌರವ, ಅಧಿಕಾರ, ಸಂಪತ್ತು. ನಮ್ಮ ಮನೆಗಳಲ್ಲಿ ಮೃತರ ಸಾಲ ತೀರಿಸದೆ ಆಸ್ತಿ ಹಂಚುವುದಿಲ್ಲ. ವಾರಸುದಾರಿಕೆಯ ಕೀಲಿಕೈ ಬೇಕು, ಸಾಲದ ಪತ್ರ ಬೇಡ ಎಂದರೆ ಯಾವ ನ್ಯಾಯ ಒಪ್ಪುತ್ತದೆ? ಪೀಠ ತೀರಿಸಬೇಕಾದ ಆ ಸಾಲವನ್ನು ‘ಪುತ್ರರು, ಪುತ್ರಿಯರು’ ಎಂದು ಬಡ ಭಕ್ತರ ಹೆಸರಿಗೆ ಬರೆದಿರುವುದು ಇನ್ನೂ ದೊಡ್ಡ ಅನ್ಯಾಯ. ಮೋರ್ತಾರಾ ಮಗುವನ್ನು ತಡೆಹಿಡಿದವರು ಬೊಲೋನ್ಯದ ರೈತರಲ್ಲ. ಗುಲಾಮಗಿರಿಗೆ ಸಹಿ ಹಾಕಿದವರು ಲಿಸ್ಬನ್ನಿನ ಮೀನುಗಾರರಲ್ಲ.

ಹದಿನಾಲ್ಕನೆಯ ಲಿಯೋ ಅವರ ಮುಂದೆ ದಾರಿ ತೆರೆದೇ ಇದೆ. ಕಾರ್ಮಿಕರ ಹಕ್ಕುಗಳ ಪರ 1891ರಲ್ಲಿ ದನಿಯೆತ್ತಿದ ಹದಿಮೂರನೆಯ ಲಿಯೋ ಅವರ ಹೆಸರನ್ನು ಅವರು ಆರಿಸಿಕೊಂಡಿದ್ದಾರೆ. 1452ರ ಆಜ್ಞಾಪತ್ರವನ್ನು ಇಲಾಖೆಗಳ ಹೇಳಿಕೆಯಿಂದಲ್ಲ, ತಮ್ಮದೇ ಸಹಿಯಿಂದ ರದ್ದುಪಡಿಸಲಿ. 1099ನ್ನು ಹೆಸರಿಟ್ಟು ಕರೆಯಲಿ. ‘ಪುತ್ರರು ತಪ್ಪಿದರು’ ಎಂಬ ಮಾತಿನ ಜಾಗದಲ್ಲಿ ‘ಈ ಪೀಠ ತಪ್ಪಿತು’ ಎಂದು ಬರೆಯಲಿ. ಅದರಿಂದ ಪೀಠ ಕುಸಿಯುವುದಿಲ್ಲ. ಐನೂರು ವರ್ಷಗಳ ಹಿಂದೆ ಒಬ್ಬ ಪೋಪರು ತುಂಬಿದ ಸಭೆಯ ಮುಂದೆ ಅದನ್ನು ಹೇಳಿಸಿದ್ದರು. ಪೀಠ ಇನ್ನೂ ನಿಂತಿದೆ.